ನಮ್ಮ ವಾರ್ಡಿನ ಮೊದಲ ಪುರಸಭೆ ಮತದಾನ

ಎಪ್ಪತ್ತರ ದಶಕದ ಆರಂಭದವರೆಗೂ ಅಣ್ಣಿಗೇರಿಯ ನಮ್ಮ ವಾರ್ಡಿನಲ್ಲಿ ಪುರಸಭೆಗೆ ಮತದಾನವೇ ನಡೆದಿರಲಿಲ್ಲ. ಹಿರಿಯರು ಮಠದ ಕಟ್ಟೆಯ ಮೇಲೆ ಕೂತು ಆರಿಸಿದವರೇ ಅವಿರೋಧ ಸದಸ್ಯರು. ನನ್ನ ಯಜಮಾನರು ಹಾಗೆ ಸದಸ್ಯರಾಗಿದ್ದರು. ಅವರು ತೀರಿಕೊಂಡಾಗ ಆ ಜಾಗಕ್ಕೆ ನನ್ನನ್ನು ಕೂರಿಸಿದರು.

ಸಭೆಯಲ್ಲಿ ನಾನೊಬ್ಬಳೇ ಹೆಂಗಸು. ನಾನು ಮಾತು ತೆಗೆದಾಗಲೇ ಎಲ್ಲರಿಗೂ ಚಹಾದ ನೆನಪಾಗುತ್ತಿತ್ತು. ಒಮ್ಮೆ ನಮ್ಮ ಓಣಿಯ ಮುದುಕಿಯೊಬ್ಬಳು ನಳದ ದೂರು ಹೊತ್ತು ಮನೆಗೆ ಬಂದಳು.

"ಮೆಂಬರ್ ಅದಾರೇನ್ರಿ, ಅಕ್ಕಾರ?"

"ನಾನ ಮೆಂಬರ್. ಹೇಳವ್ವಾ."

"ನಿಮಗ್ಯಾಕ್ರಿ ತ್ರಾಸು? ನಿಮ್ಮ ಮೈದುನ ಬರೂತನಕ ಕುಂದರ್ತೀನಿ."

ಅವಳು ಸಂಜೆಯವರೆಗೂ ಕಾದಳು.

ಮುಂದಿನ ಚುನಾವಣೆಗೆ ಹಿರಿಯರು ಮೈದುನನನ್ನೇ ಆರಿಸಿದರು. ನನ್ನನ್ನು ಯಾರೂ ಕೇಳಲಿಲ್ಲ. ನಾನೇ ಹೋಗಿ ನಾಮಪತ್ರ ಕೊಟ್ಟು ಬಂದೆ.

"ವೈನಿ, ಮನಿತನದ ಮರ್ಯಾದಿ ನೋಡ್ರಿ. ವಾಪಸ್ ತಗೊಳ್ರಿ," ಎಂದ ಮೈದುನ.

"ಮಂದಿ ಬ್ಯಾಡ ಅಂದ್ರ ಮನ್ಯಾಗ ಕುಂದರ್ತೀನಿ. ಒಮ್ಮೆ ಅವರನ್ನ ಕೇಳೂಣು," ಎಂದೆ.

ಅಂದಿನಿಂದ ಮನೆಯಲ್ಲಿ ಯಾರೂ ನನ್ನೊಡನೆ ಮಾತಾಡಲಿಲ್ಲ. ಓಣಿಯಲ್ಲಿ ಒಬ್ಬಳೇ ಮತ ಕೇಳುತ್ತ ತಿರುಗಿದೆ. ಮತದಾನದ ದಿನ ಶಾಲೆಯ ಮುಂದೆ ಉದ್ದ ಸಾಲು ನಿಂತಿತ್ತು. ನನ್ನನ್ನು ಕಂಡ ಹೆಂಗಸರು ಮುಖ ತಿರುಗಿಸಿದರು.

ನಾನು ಹೀನಾಯವಾಗಿ ಸೋತೆ. ಆದರೆ ಆಮೇಲೆ ನಮ್ಮ ವಾರ್ಡಿನಲ್ಲಿ ಯಾರೂ ಅವಿರೋಧವಾಗಿ ಗೆಲ್ಲಲಿಲ್ಲ. ಮೈದುನ ಗೆದ್ದ ದಿನ ಎರಚಿದ ಗುಲಾಲು ನಮ್ಮದೇ ಅಂಗಳದಲ್ಲಿ ಬಿದ್ದಿತ್ತು. ಮರುದಿನ ಬೆಳಿಗ್ಗೆ ಅದನ್ನು ಗುಡಿಸಿದವಳು ನಾನೇ.