ಹುಳಮನೆಯ ಬಾಗಿಲು

ಕವಲುತೋಕೆ ಹಕ್ಕಿ ಬೇಸಿಗೆಯನ್ನು ಕರೆತರುತ್ತದೆ ಎಂದು ಕೊಳ್ಳೇಗಾಲದ ಕಾಲೇಜೊಂದರಲ್ಲಿ ಇಪ್ಪತ್ತೆಂಟು ವರ್ಷ ಪಾಠ ಹೇಳಿದವನು ನಾನು. ಅದಕ್ಕೆ ಸಂಬಳವನ್ನೂ ತೆಗೆದುಕೊಂಡೆ. ಯಾವುದೋ ಚಳಿದೇಶದ ಕವಿ ಆರು ತಿಂಗಳು ಮಂಜಿನಲ್ಲಿ ಮುದುಡಿ ಕೂತು, ಒಂದು ಬೆಳಿಗ್ಗೆ ಕಿಟಕಿಯಾಚೆ ಈ ಹಕ್ಕಿಯನ್ನು ಕಂಡು ಕುಣಿದಾಡಿದ. ಅವನದೇನೂ ತಪ್ಪಿಲ್ಲ, ಕಂಡದ್ದನ್ನು ಬರೆದ. ನಮ್ಮವರು ಅದನ್ನು ಓದಿ ಹಕ್ಕಿಯನ್ನೂ ಬೇಸಿಗೆಯನ್ನೂ ಒಂದೇ ಗಂಟು ಕಟ್ಟಿ ತಂದು ಕನ್ನಡದಲ್ಲಿ ಇಳಿಸಿದರು. ನಾನು ಅದನ್ನು ಬಿಚ್ಚಿಯೂ ನೋಡದೆ 'ಬೇಸಿಗೆಯ ದೂತ' ಎಂದು ಬೋರ್ಡಿನ ಮೇಲೆ ಬರೆದು ಅಡಿಗೆರೆ ಎಳೆದೆ. ಕರೆಂಟು ಹೋಗಿ ಫ್ಯಾನು ನಿಂತ ಕೋಣೆಯಲ್ಲಿ, ಬೆನ್ನಿಗೆ ಅಂಟಿದ ಅಂಗಿಯನ್ನು ಬಿಡಿಸಿಕೊಳ್ಳುತ್ತ, ಬೇಸಿಗೆ ಎಷ್ಟು ರಮ್ಯವಾದದ್ದು ಎಂದು ವಿವರಿಸುತ್ತಿದ್ದೆ. ಒಬ್ಬನಾದರೂ ನಗಬೇಕಿತ್ತು. ಯಾರೂ ನಗಲಿಲ್ಲ, ಪರೀಕ್ಷೆಗೆ ಬರುತ್ತದೆಂದು ಬರೆದುಕೊಂಡರು.

ನಿವೃತ್ತನಾದ ಮೇಲೆ ಪ್ರಕೃತಿ ಲೇಖನ ಬರೆಯುವ ಚಟ ಹತ್ತಿತು. ಪ್ರಕೃತಿ ಎಂದರೆ ನನ್ನ ಕಪಾಟು. ಒಂದು ಜನವರಿಯಲ್ಲಿ ಬೆಟ್ಟದ ಬಸ್ಸಿಗಾಗಿ ಯಳಂದೂರಿನಲ್ಲಿ ಕಾಯುತ್ತಿದ್ದಾಗ ಕರೆಂಟಿನ ತಂತಿಯ ತುಂಬ ಕವಲುತೋಕೆಗಳು ಕೂತಿದ್ದವು. ಪಕ್ಕದ ಟೀ ಅಂಗಡಿಯವನಿಗೆ ನನ್ನ ಪಾಂಡಿತ್ಯ ಗೊತ್ತಾಗಲಿ ಎಂದು, "ನೋಡಿ, ಬೇಸಿಗೆ ಬಂದೇಬಿಟ್ಟಿತು" ಎಂದೆ.

"ಯಾವ್ ಬೇಸ್ಗೆ ಸಾ?" ಎಂದ ಅವನು, ಟೀ ಸೋಸುತ್ತಲೇ. "ಇವು ಚಳಿಗಾಲ್ದವು. ದೀಪಾವಳಿ ಒತ್ಗೆ ಬತ್ತವೆ, ಬಿಸ್ಲು ಏರ್ತಿದ್ದಂಗೆ ಜಾಗ ಖಾಲಿ ಮಾಡ್ತವೆ. ದಿನಾ ನಮ್ ಬೆಂಚ್ ತೊಳ್ಯೋದು ನಾನಲ್ವಾ?"

ಟೀ ಕಾಸುವವನಿಗೇನು ಗೊತ್ತು ಎಂದುಕೊಂಡೆ. ಮನೆಗೆ ಬಂದು ಹಕ್ಕಿಗಳ ಪುಸ್ತಕ ತೆಗೆದರೆ ಅದರಲ್ಲೂ ಅವನು ಹೇಳಿದ್ದೇ ಇತ್ತು. ಹದಿನೈದು ವರ್ಷದಿಂದ ಕಪಾಟಿನಲ್ಲಿದ್ದ ಪುಸ್ತಕ, ಆ ಪುಟಗಳು ಒಂದಕ್ಕೊಂದು ಅಂಟಿಕೊಂಡಿದ್ದವು. ಆದರೂ 'ಬೇಸಿಗೆಯ ದೂತ' ಎನ್ನುವ ಮಾತನ್ನು ಬಿಡಲು ಮನಸ್ಸಾಗಲಿಲ್ಲ. ಅದು ಕಿವಿಗೆ ಅಷ್ಟು ಹಿತವಾಗಿತ್ತು.

ಇಂಥ ನನಗೆ ಹನೂರಿನ ಕಡೆಯ ಶಾಗ್ಯದಿಂದ ಅಕ್ಕನ ಫೋನು ಬಂತು. ಅಕ್ಕ, ಭಾವ ಅಲ್ಲಿ ರೇಷ್ಮೆಹುಳು ಸಾಕುತ್ತಾರೆ. ಹಿಪ್ಪುನೇರಳೆ ಸೊಪ್ಪು ಕೊಯ್ದು ಮತ್ತೆ ಚಿಗುರುವ ತನಕ ಹುಳಮನೆ ಖಾಲಿ ಇರುತ್ತದೆ. ಗಾಳಿಯಾಡಲೆಂದು ಬಾಗಿಲು ತೆರೆದಿಟ್ಟಿದ್ದಾಗ ಜೋಡಿ ಕವಲುತೋಕೆ ಹಕ್ಕಿ ಒಳಹೊಕ್ಕು, ತೊಲೆಯ ಕೆಳಗೆ ಕೆಸರಿನ ಗೂಡು ಕಟ್ಟಿ, ಮರಿ ಮಾಡಿಬಿಟ್ಟಿವೆ. ಹೊಸ ಹುಳು ತರುವ ಮೊದಲು ಬ್ಲೀಚಿಂಗ್ ಪುಡಿ ಕಲಸಿ ಗೋಡೆ, ನೆಲ, ತಟ್ಟೆ ಎಲ್ಲ ತೊಳೆದು, ಔಷಧಿ ಹೊಡೆದು, ಬಾಗಿಲು ಮುಚ್ಚಬೇಕು. ಹಾಗೆ ಮಾಡಿದರೆ ಮರಿಗಳು ಉಳಿಯುವುದಿಲ್ಲ.

ನಾನು ನೋಟ್ ಬುಕ್ಕು ಹಿಡಿದು ಮಾರನೆಯ ದಿನವೇ ಹನೂರಿನ ಬಸ್ಸು ಹತ್ತಿದೆ. ಗೂಡನ್ನು ಉಳಿಸಲು ಭಾಷಣವನ್ನೂ ಸಿದ್ಧ ಮಾಡಿಕೊಂಡಿದ್ದೆ. ಅದು ಬೇಕಾಗಲಿಲ್ಲ. ಅಕ್ಕ ಆಗಲೇ ಮರಿಹುಳು ಕೊಡುವ ಕೇಂದ್ರಕ್ಕೆ ಫೋನು ಮಾಡಿ, ಹತ್ತು ದಿನ ಬಿಟ್ಟು ಹುಳು ಕೊಡಿ ಎಂದಿದ್ದಳು. ತೋಟದಲ್ಲಿ ಸೊಪ್ಪು ಬಲಿಯುತ್ತಿತ್ತು, ಭಾವ ಗೊಣಗುತ್ತಿದ್ದರು. ಅವಳು ಗೊಣಗಾಟವನ್ನು ಕಿವಿಗೇ ಹಾಕಿಕೊಂಡಿರಲಿಲ್ಲ.

ಭಾಷಣ ಹಾಳಾಗಬಾರದಲ್ಲ, ಆದರೂ ಶುರು ಮಾಡಿದೆ. "ಅಕ್ಕ, ಇದು ಬೇಸಿಗೆಯ ದೂತ. ಎಷ್ಟೋ ಕಾವ್ಯಗಳಲ್ಲಿ ಬರುತ್ತದೆ."

"ಯಾವ್ ದೂತ್ನೂ ಅಲ್ಲ ಕಣ್ಲಾ" ಎಂದಳು. "ಇದು ವರ್ಷೊಂಬತ್ಕಾಲ ಇಲ್ಲೇ ಇರ್ತದೆ. ತಂತಿ ಮ್ಯಾಲೆ ಸಾಲಾಗಿ ಕೂರೋವು ಬ್ಯಾರೆ, ಅವು ಆಗ್ಲೇ ಓದವು. ಇದ್ರ ಸೊಂಟ ನೋಡು, ಇಟ್ಗೆ ಬಣ್ಣ. ಅಷ್ಟೂ ಕಾಣಾಕಿಲ್ವಾ ನಿಂಗೆ?"

ನಿಜ, ಕಂಡಿರಲಿಲ್ಲ. ಗೂಡು ಅಡ್ಡ ಮಲಗಿಸಿದ ಹೂಜಿಯ ಹಾಗಿತ್ತು. ಹಕ್ಕಿ ಬಂದಾಗಲೆಲ್ಲ ಅದರ ಮೂತಿಯಲ್ಲಿ ಮೂರು ಹಳದಿ ಬಾಯಿಗಳು ಒಟ್ಟಿಗೆ ತೆರೆಯುತ್ತಿದ್ದವು. ನಾನು ನೋಟ್ ಬುಕ್ಕಿನಲ್ಲಿ 'ಹಸಿವಿನ ಹೂವುಗಳು' ಎಂದು ಬರೆದುಕೊಂಡೆ. ಈಗ ನೆನೆದರೆ ಮೈಯೆಲ್ಲ ಉರಿಯುತ್ತದೆ.

ಎರಡು ದಿನದ ಮಟ್ಟಿಗೆ ಅಕ್ಕ, ಭಾವ ಯಳಂದೂರಿನ ನೆಂಟರ ಮನೆಗೆ ನಾಮಕರಣಕ್ಕೆ ಹೋಗಬೇಕಿತ್ತು. ನಾನಿದ್ದೇನಲ್ಲ ಎಂದೆ. ಹುಳಮನೆಯ ಕಿಟಕಿಗಳಿಗೆಲ್ಲ ನೈಲಾನ್ ಪರದೆ ಬಿಗಿದಿತ್ತು. ಹುಳುವಿನ ಮೈಮೇಲೆ ಮೊಟ್ಟೆಯಿಟ್ಟು ಬೆಳೆ ಕೆಡಿಸುವ ಊಜಿ ನೊಣ ಬಾರದಿರಲೆಂದು ಇಲ್ಲಿ ಎಲ್ಲರೂ ಹಾಗೆಯೇ ಬಿಗಿಯುತ್ತಾರೆ. ಹಕ್ಕಿಗಳಿಗಿದ್ದ ದಾರಿ ಬಾಗಿಲೊಂದೇ.

"ಬೆಳ್ಕರೀತಿದ್ದಂಗೆ ಬಾಗ್ಲು ತಗೀ" ಎಂದಳು ಅಕ್ಕ. "ಸಂಜೆ ಎರಡೂ ಒಳೀಕೆ ಬಂದ್ಮ್ಯಾಲೆ ಆಕು, ಇಲ್ದಿದ್ರೆ ಬೆಕ್ಕು ನುಗ್ತದೆ. ಇಷ್ಟೇ ಕೆಲ್ಸ. ಮರೀಬ್ಯಾಡ."

ಬಸ್ಸಿಗೆ ಹೊರಡುವಾಗ ಇನ್ನೊಮ್ಮೆ ಹೇಳಿದಳು. ಬಸ್ಸಿನ ಕಿಟಕಿಯಿಂದ ಮತ್ತೊಮ್ಮೆ ಹೇಳಿದಳು. ನನಗೆ ಸಿಟ್ಟೇ ಬಂತು. ಕಾವ್ಯವನ್ನು ಅರೆದು ಕುಡಿದವನಿಗೆ ಒಂದು ಚಿಲಕ ತೆಗೆಯಲು ಬಾರದೆ?

ಮೊದಲ ದಿನ ತೆಗೆದೆ, ಸಂಜೆ ಹಾಕಿದೆ. ಎರಡನೆಯ ದಿನ ಏಳುವಾಗಲೇ ತಲೆಯಲ್ಲಿ ಒಂದು ವಾಕ್ಯ ಕೂತಿತ್ತು: 'ಬೇಸಿಗೆ ತನ್ನ ಬರವನ್ನು ಸಾರಲು ಎರಡು ಪುಟ್ಟ ರೆಕ್ಕೆಗಳನ್ನು ಕಳಿಸುತ್ತದೆ.' ಆಹಾ ಎಂದುಕೊಂಡೆ. ಅದು ಜಾರಿ ಹೋದೀತೆಂದು ಮುಖವನ್ನೂ ತೊಳೆಯದೆ ಜಗಲಿಯಲ್ಲಿ ಬರೆಯಲು ಕೂತೆ.

ಶಿವರಾತ್ರಿ ಕಳೆದಿತ್ತು, ಬಿಸಿಲು ಹತ್ತು ಗಂಟೆಗೇ ಚುರುಗುಟ್ಟುತ್ತಿತ್ತು. ಹುಳಮನೆಯ ಕಡೆಯಿಂದ ಪಟಪಟ ಸದ್ದು ಬಂದದ್ದು ನನಗೆ ಕೇಳಿಸಿತು. ಕೇಳಿಸಲಿಲ್ಲ ಎಂದು ಹೇಳಿದರೆ ಸುಳ್ಳಾಗುತ್ತದೆ. ಮಾಡಿನ ಸಿಮೆಂಟ್ ಶೀಟು ಕಾದು ಸಿಡಿಯುತ್ತಿರಬೇಕು ಎಂದುಕೊಂಡೆ. ಮಧ್ಯಾಹ್ನ ಎದ್ದು ಮಜ್ಜಿಗೆ ಅನ್ನ ಉಂಡೆ, ತಂಬಿಗೆ ನೀರು ಕುಡಿದು ಮತ್ತೆ ಕೂತೆ. ಆಗ ಸದ್ದು ನಿಂತಿತ್ತು. ಒಳ್ಳೆಯದಾಯಿತು, ಇನ್ನು ಏಕಾಗ್ರತೆಯಿಂದ ಬರೆಯಬಹುದು ಎನಿಸಿತು. ನಾಲ್ಕು ಗಂಟೆಗೆ ಹನ್ನೊಂದು ಪುಟ ಮುಗಿಯಿತು. ತಾಯಿಹಕ್ಕಿ ಮರಿಗೆ ಗುಟುಕು ಕೊಡುವ ಕೊನೆಯ ಭಾಗವನ್ನು ಗಟ್ಟಿಯಾಗಿ ಓದಿಕೊಂಡು, ನಾಚಿಕೆಗೆಟ್ಟವನು, ಕಣ್ಣೀರು ಒರೆಸಿಕೊಂಡೆ.

ಐದರ ಬಸ್ಸಿಗೆ ಅಕ್ಕ ಒಬ್ಬಳೇ ಬಂದಳು, ಭಾವ ನೆಂಟರ ಮನೆಯಲ್ಲೇ ಉಳಿದಿದ್ದರು. ಕೈಯಲ್ಲಿದ್ದ ಬ್ಯಾಗನ್ನೂ ಇಳಿಸದೆ ನೇರ ಹಿತ್ತಲಿಗೆ ಹೋದಳು. ಹುಳಮನೆಯ ಚಿಲಕ ಜಾರಿದ ಸದ್ದು ಕೇಳಿತು. ಬಾಗಿಲು ತೆಗೆದಿರಲಿಲ್ಲ ಎಂಬುದು ನನಗೆ ಆಗ ನೆನಪಾಯಿತು.

ನಾನು ಓಡಿಹೋದಾಗ ಒಲೆಯ ಮುಂದೆ ನಿಂತಷ್ಟು ಶಾಖ ಬಾಗಿಲಿನಿಂದ ಮುಖಕ್ಕೆ ಬಡಿಯಿತು. ಎರಡೂ ಹಕ್ಕಿಗಳು ಕಿಟಕಿಯ ಪರದೆಗೆ ಉಗುರು ಸಿಕ್ಕಿಸಿ, ರೆಕ್ಕೆ ಜೋಲಿಸಿ, ಬಾಯಿ ಬಿಟ್ಟುಕೊಂಡು ನೇತಾಡುತ್ತಿದ್ದವು. ಪರದೆಯ ಬುಡದಲ್ಲಿ ಉದುರಿದ ಪುಕ್ಕ ಬಿದ್ದಿತ್ತು. ಅಕ್ಕ ಹತ್ತಿರ ಹೋಗಿ ಒಂದೊಂದನ್ನೇ ಬಿಡಿಸಿ ಹೊರಗೆ ಬಿಟ್ಟಳು. ಎರಡೂ ಹಾರಿದವು. ಆಮೇಲೆ ಸ್ಟೂಲು ಹತ್ತಿ ಗೂಡಿನ ಮೂತಿಯನ್ನು ಬೆರಳಿನಿಂದ ಮುರಿದು, ಮೂರು ಮರಿಗಳನ್ನು ತೆಗೆದು ಸೆರಗಿನಲ್ಲಿ ಹಾಕಿಕೊಂಡಳು. ಒಂದೂ ಅಲುಗಲಿಲ್ಲ.

ಅವಳು ಬೈಯಲೆಂದು ನಾನು ಕಾದೆ. ಬೈದಿದ್ದರೆ ನನಗೆ ಹಗುರವಾಗುತ್ತಿತ್ತು. ಅವಳು ಹೊಸ್ತಿಲ ಮೇಲೆ ಕೂತು ಮರಿಗಳನ್ನು ಬೆರಳಿನಿಂದ ತಿರುವಿ ತಿರುವಿ ನೋಡಿದಳು. ಅಷ್ಟರಲ್ಲಿ ಹಕ್ಕಿಗಳು ವಾಪಸು ಬಂದವು. ಎರಡರ ಕೊಕ್ಕಿನಲ್ಲೂ ಹುಳವಿತ್ತು. ನಮ್ಮ ತಲೆಯ ಮೇಲಿಂದ ಒಳಗೆ ಹೋಗಿ, ಮುರಿದ ಗೂಡಿನ ಮುಂದೆ ರೆಕ್ಕೆ ಬಡಿದು, ಹೊರಬಂದು, ಮತ್ತೆ ಹೋದವು.

"ಬರ್ದಾಯ್ತಾ?" ಎಂದಳು ಅಕ್ಕ.

"ಆಯ್ತಕ್ಕ."

"ಓದು ಮತ್ತೆ. ಇವೂ ಕೇಳ್ಲಿ."

ನಾನು ಓದಲಿಲ್ಲ, ಅವಳು ಇನ್ನೊಮ್ಮೆ ಕೇಳಲೂ ಇಲ್ಲ. ಮರಿಗಳನ್ನು ಹಿಪ್ಪುನೇರಳೆ ಗಿಡದ ಬುಡದಲ್ಲಿ ಮುಚ್ಚಿ ಬಂದು ಬ್ಲೀಚಿಂಗ್ ಪುಡಿ ಕಲಸಲು ಬಕೆಟ್ಟು ತಂದಳು. ನಾನು ಕಡೆಯ ಬಸ್ಸಿಗೆ ಕೊಳ್ಳೇಗಾಲಕ್ಕೆ ಬಂದೆ.

ಮುಂದಿನ ವಾರ ಲೇಖನವನ್ನು ಅಚ್ಚಿಗೆ ಕಳಿಸಿದೆ. ಎಷ್ಟು ಸೂಕ್ಷ್ಮವಾಗಿ ನೋಡುತ್ತೀರಿ ಎಂದು ಮೆಚ್ಚಿ ಹಲವರು ಫೋನು ಮಾಡಿದರು. ಅದರಲ್ಲಿ ನಾನು ಒಂದು ಅಕ್ಷರವನ್ನೂ ಬದಲಿಸಿರಲಿಲ್ಲ.