ಮಣ್ಣಿಗೆ ಬರುವ ಶಾಸಕರು

ಶವಾಗಾರದ ಮುಂದೆ ಪೊಲೀಸರಿಗಿಂತ ಮೊದಲೇ ಆಂಬ್ಯುಲೆನ್ಸ್ ಬಂದು ನಿಂತಿತ್ತು. ಅದರ ಬದಿಯಲ್ಲಿ ಉತ್ತರ ಕರ್ನಾಟಕದ ಒಬ್ಬ ಶಾಸಕರ ಭಾವಚಿತ್ರ, ಕೆಳಗೆ ‘ಉಚಿತ ಸೇವೆ’ ಎಂಬ ಬರಹ. ಪೀಣ್ಯದ ಕಾರ್ಖಾನೆಗಳ ಸುದ್ದಿ ಬರೆಯುವುದು ನನ್ನ ಕೆಲಸ. ಆ ಶಾಸಕರ ಕ್ಷೇತ್ರದ ಬಹಳಷ್ಟು ಜನ ನಾಗಸಂದ್ರದ ಸುತ್ತ ಬಾಡಿಗೆ ಕೋಣೆಗಳಲ್ಲಿದ್ದಾರೆ. ಅವರಲ್ಲಿ ಯಾರಾದರೂ ಸತ್ತರೆ ಈ ವಾಹನ ಬರುತ್ತಿತ್ತು, ಹಿಂದೆಯೇ ಶಾಸಕರ ಕಾರು. ಸಂಜೆಯೊಳಗೆ ಶವ ಊರಿನ ದಾರಿ ಹಿಡಿದಿರುತ್ತಿತ್ತು. ಅಂಥ ಸಾವುಗಳಲ್ಲಿ ಕಾರ್ಖಾನೆಯ ಮೇಲೆ ದೂರು ದಾಖಲಾದದ್ದನ್ನು ನಾನು ಕಂಡಿರಲಿಲ್ಲ.

ಶಾಸಕರು ನನಗೆ ಪರಿಚಿತರೇ. ಅಧಿವೇಶನದ ಸಮಯದಲ್ಲಿ ಒಮ್ಮೆ ಅವರನ್ನು ಸಂದರ್ಶಿಸಿದ್ದೆ. ಶುರುವಿನಲ್ಲಿ ಅವರ ಬಳಿ ಇದ್ದದ್ದು ಒಂದು ಟ್ರ್ಯಾಕ್ಟರ್. ಸುತ್ತಲಿನ ಹಳ್ಳಿಗಳಲ್ಲಿ ಯಾರೇ ಸತ್ತರೂ ನೆಂಟರನ್ನು ಮಣ್ಣಿಗೆ ಕರೆತರಲು ಅದನ್ನು ಕಳಿಸುತ್ತಿದ್ದರು. ಮಣ್ಣು ಎಂದರೆ ಅವರ ಕಡೆ ಅಂತ್ಯಕ್ರಿಯೆ. ಬಂದವರೆಲ್ಲ ಗುಂಡಿಗೆ ಒಂದು ಹಿಡಿ ಮಣ್ಣು ಹಾಕುತ್ತಾರೆ. ಯಾರು ಹಾಕಿದರು, ಯಾರು ಬರಲಿಲ್ಲ ಎಂಬುದನ್ನು ಮನೆಯವರು ಮರೆಯುವುದಿಲ್ಲ. ಟ್ರ್ಯಾಕ್ಟರ್ ಅವರನ್ನು ಗ್ರಾಮ ಪಂಚಾಯಿತಿಗೆ ಮುಟ್ಟಿಸಿತು, ಅಲ್ಲಿಂದ ಜಿಲ್ಲಾ ಪಂಚಾಯಿತಿಗೆ. ವಿಧಾನಸಭೆಯ ಮೊದಲ ಚುನಾವಣೆಯಲ್ಲಿ ಸೋತರು. ಸೋತ ಮರುದಿನವೂ ಯಾರದೋ ಮಣ್ಣಿಗೆ ಹೋಗಿದ್ದರಂತೆ.

“ಲಗ್ನಕ್ಕ ಹೋಗ್ಲಿಲ್ಲಂದ್ರ ಮಂದಿ ಮರೀತಾರ್ರೀ. ಮಣ್ಣಿಗೆ ಹೋಗ್ಲಿಲ್ಲಂದ್ರ ಮರಿಯಂಗಿಲ್ಲ,” ಎಂದಿದ್ದರು. ಸದನದಲ್ಲಿ ಅವರು ಎದ್ದು ಮಾತನಾಡಿದ್ದು ಅಪರೂಪ. ಕ್ಷೇತ್ರದಲ್ಲಿ ಅದನ್ನು ಯಾರೂ ಕೇಳುತ್ತಿರಲಿಲ್ಲ.

ಆ ಸಂದರ್ಶನದಲ್ಲಿ ಬರೆಯದೆ ಉಳಿದದ್ದೂ ಒಂದಿತ್ತು. ಪೀಣ್ಯದ ಕಾರ್ಖಾನೆಗಳಿಗೆ ಆ ಕ್ಷೇತ್ರದಿಂದ ಆಳು ತರುವ ಕಾಂಟ್ರ್ಯಾಕ್ಟರ್ ಒಬ್ಬನಿದ್ದ. ಚುನಾವಣೆ ಬಂದಾಗ ಆ ಜನರನ್ನು ಮತ ಹಾಕಲು ಬಸ್ಸುಗಳಲ್ಲಿ ಊರಿಗೆ ಹೊರಡಿಸುವವನೂ ಅವನೇ, ಸಾವಾದ ದಿನ ಶಾಸಕರಿಗೆ ಫೋನ್ ಮಾಡುವವನೂ ಅವನೇ. ಇವನ್ನು ಒಟ್ಟಿಗೆ ಇಟ್ಟು ನೋಡಿದರೆ ಅನುಮಾನ ಬರುತ್ತಿತ್ತು. ಆದರೆ ಅನುಮಾನ ಸುದ್ದಿಯಲ್ಲ.

ಅಂದು ಸತ್ತವನು ಪ್ರೆಸ್ ಮಷಿನ್ ಶೆಡ್ಡಿನ ಕೆಲಸಗಾರ. ಪಾಳಿ ಮುಗಿಸಿ ಹೊರಟವನು ಗೇಟಿನಾಚೆ ರಸ್ತೆಯಲ್ಲಿ ಜಾರಿ ಬಿದ್ದು ತಲೆಗೆ ಪೆಟ್ಟು ಮಾಡಿಕೊಂಡ ಎಂದು ಕಾಂಟ್ರ್ಯಾಕ್ಟರ್ ಎಸ್‌ಐಗೆ ವಿವರಿಸುತ್ತಿದ್ದ. ಇಂಥ ಸಾವುಗಳಲ್ಲಿ ಮನೆಯವರ ಹೇಳಿಕೆ ಸಾಮಾನ್ಯವಾಗಿ ಒಂದೇ ಮಾತಿನಿಂದ ಮುಗಿಯುತ್ತದೆ: ಸಾವಿನ ಬಗ್ಗೆ ನಮಗೆ ಯಾವ ಅನುಮಾನವೂ ಇಲ್ಲ. ಹಾಗೆಂದರೆ ಶವ ಬೇಗ ಸಿಗುತ್ತದೆ, ಹೊಣೆ ಯಾರ ಮೇಲೂ ಉಳಿಯುವುದಿಲ್ಲ. ಯಂತ್ರದ ಬಳಿ ಸತ್ತನೆಂದು ದಾಖಲಾದರೆ ಹೆಂಡತಿ ಮಕ್ಕಳು ಪರಿಹಾರವನ್ನು ಹಕ್ಕಿನಿಂದ ಕೇಳಬಹುದು. ರಸ್ತೆಯಲ್ಲಿ ಬಿದ್ದು ಸತ್ತನೆಂದಾದರೆ ಕಾರ್ಖಾನೆಯವರು ದಯೆ ತೋರಿ ಕೊಟ್ಟಷ್ಟೇ.

ಹೆಂಡತಿ ಗಾರ್ಮೆಂಟ್ಸ್ ಕೆಲಸದವಳು. ಶವದ ಗುರುತು ಹೇಳಿ ಹೊರಬಂದು, ಮಡಿಲಲ್ಲಿ ಒಂದು ಪ್ಲಾಸ್ಟಿಕ್ ಚೀಲ ಇಟ್ಟುಕೊಂಡು ಬೆಂಚಿನ ಮೇಲೆ ಕುಳಿತಿದ್ದಳು. ಸುತ್ತ ಅವಳ ಊರಿನವರು ನಿಂತಿದ್ದರು. ಶಾಸಕರು ಬಂದವರೇ ಅವಳ ಎದುರು ನೆಲದ ಮೇಲೆ ಕುಳಿತರು. ಅತ್ತೆಯ ಆರೋಗ್ಯ ವಿಚಾರಿಸಿದರು, ಊರಲ್ಲಿ ಗುಂಡಿ ತೋಡಿಸಿರುವುದಾಗಿ ಹೇಳಿದರು. ಅವರ ಕಣ್ಣುಗಳು ಒದ್ದೆಯಾಗಿದ್ದವು. ಅದನ್ನು ಕಂಡೆ; ಏಕೆ ಎಂದು ಹೇಳಲಾರೆ.

“ತಂಗಿ, ದಾರಿ ದೂರ ಐತಿ. ಮುದುಕಿ ಬಾಗಿಲದಾಗ ಕುಂತಾಳ. ಅನುಮಾನ ಏನಿಲ್ಲ ಅಂತ ಹೇಳಿಬಿಡವಾ,” ಎಂದರು.

ಅವಳು ಚೀಲದಿಂದ ಗಂಡನ ಚಪ್ಪಲಿಗಳನ್ನು ತೆಗೆದು ನೆಲದ ಮೇಲಿಟ್ಟಳು. ಬೆಳಿಗ್ಗೆ ಊಟದ ಡಬ್ಬಿಯ ಜೊತೆ ಅವನ್ನು ತಂದುಕೊಟ್ಟವನು ಕಾಂಟ್ರ್ಯಾಕ್ಟರನೇ. ಆ ಕಾರ್ಖಾನೆಯಲ್ಲಿ ಕೆಲಸಗಾರರು ಚಪ್ಪಲಿ ಒಳಗಿನ ಗೂಡಿನಲ್ಲಿ ಬಿಟ್ಟು ಕಂಪನಿಯ ಬೂಟು ಹಾಕಿಕೊಳ್ಳಬೇಕು, ಪಾಳಿ ಮುಗಿದ ಮೇಲೆ ಬೂಟು ಅಲ್ಲೇ ಬಿಟ್ಟು ಬರಬೇಕು. ಬೂಟಿನಲ್ಲಿ ಹೊರಟವರನ್ನು ಗೇಟಿನ ಸೆಕ್ಯುರಿಟಿಯವನು ವಾಪಸ್ ಕಳಿಸುತ್ತಾನೆ.

“ಪಾಳಿ ಮುಗಿಸಿ ಬಂದಾಂವನ ಕಾಲಾಗ ಬೂಟ ಯಾಕ ಅದಾವ್ರೀ ಸಾಹೇಬ್ರ?”

ಅವಸರದಲ್ಲಿ ಮರೆತಿರಬೇಕು ಎಂದು ಕಾಂಟ್ರ್ಯಾಕ್ಟರ್ ನಡುವೆ ಬಾಯಿ ಹಾಕಿದ. ಅವಳು ಅವನತ್ತ ನೋಡಲಿಲ್ಲ. “ದಿನಾ ಮರೀದಾಂವ ಸಾಯೋ ದಿನಾನ ಮರ್ತನೇನು?”

ಎಸ್‌ಐ ಪೆನ್ನು ಹಿಡಿದು ಕಾಯುತ್ತಿದ್ದರು. “ಏನಮ್ಮ, ಏನಂತ ಬರ್ಕೊಳ್ಲಿ?”

“ಅನುಮಾನ ಐತಿ ಅಂತ ಬರ್ಕೋರಿ.”

ಹಾಗಾದರೆ ಕಾರ್ಖಾನೆಗೆ ಹೋಗಿ ನೋಡಬೇಕಾಗುತ್ತದೆ, ಶವ ಸಿಗುವುದು ನಾಳೆ ಎಂದು ಎಸ್‌ಐ ತಿಳಿಸಿದರು. ತೋಡಿದ ಗುಂಡಿಯನ್ನು ರಾತ್ರಿ ಖಾಲಿ ಬಿಡಬಾರದು ಎಂದು ಶಾಸಕರು ಮೆಲ್ಲಗೆ ನೆನಪಿಸಿದರು. ಊರಿನ ಹೆಂಗಸರು ಹೌದೆಂದು ತಲೆಯಾಡಿಸಿದರು.

“ಮಣ್ಣು ತಡಾ ಆಗ್ಲಿರಿ,” ಎಂದಳು. “ಅಪ್ಪ ಎಲ್ಲಿ ಸತ್ತ ಅನ್ನೂದು ನನ್ನ ಮಕ್ಳಿಗೆ ಗೊತ್ತಿರ್ಲಿ.”

ನಿಂತಿದ್ದವರೆಲ್ಲ ಶಾಸಕರ ಮುಖ ನೋಡಿದರು. ಅವರು ಎದ್ದು ಕಾಂಟ್ರ್ಯಾಕ್ಟರನನ್ನು ಆಂಬ್ಯುಲೆನ್ಸಿನ ಹಿಂದಕ್ಕೆ ಕರೆದೊಯ್ದರು. ಮಾತು ನನಗೆ ಕೇಳಿಸಲಿಲ್ಲ. ಕಾಂಟ್ರ್ಯಾಕ್ಟರ್ ಬೇಡ ಎಂಬಂತೆ ಕೈಯಾಡಿಸಿದ್ದು ಕಂಡಿತು. ಸ್ವಲ್ಪ ಹೊತ್ತಿನ ಮೇಲೆ ಶಾಸಕರೊಬ್ಬರೇ ಬಂದು ಎಸ್‌ಐಗೆ, “ಆಕಿ ಹೇಳಿದಂಗ ಬರ್ಕೋರಿ,” ಎಂದರು. ಆಮೇಲೆ ಊರಿಗೆ ಫೋನ್ ಮಾಡಿ, ಗುಂಡಿಯಲ್ಲಿ ಒಂದು ಕಲ್ಲು ಇಟ್ಟು ಬೆಳಗಿನವರೆಗೆ ಯಾರಾದರೂ ಕಾಯುವಂತೆ ಹೇಳಿದರು. ಅವರ ಕಸುಬಿನಲ್ಲಿ ಅದಕ್ಕೂ ದಾರಿಯಿತ್ತು.

ಶಾಸಕರು ಮನಸ್ಸು ಬದಲಿಸಿದ್ದು ಮತ ಹಾಕುವ ಊರಿನವರು ಎದುರಿಗಿದ್ದುದರಿಂದಲೋ, ನಾನು ಇದ್ದುದರಿಂದಲೋ, ಚಪ್ಪಲಿ ಕಂಡದ್ದರಿಂದಲೋ ತಿಳಿಯದು. ಪೊಲೀಸರು ಆ ಚಪ್ಪಲಿಗಳನ್ನು ಸಾಕ್ಷಿಯಾಗಿ ತೆಗೆದುಕೊಂಡರು. ಶೆಡ್ಡಿನೊಳಗೆ ಯಂತ್ರದ ಪಕ್ಕದ ನೆಲ ಆಗಷ್ಟೇ ತೊಳೆದಂತಿತ್ತು ಎಂದು ಎಸ್‌ಐ ನನಗೆ ಹೇಳಿದರು. ಸೂಪರ್‌ವೈಸರ್ ಮೇಲೆ ಪ್ರಕರಣ ದಾಖಲಾಯಿತು; ಅದಿನ್ನೂ ನ್ಯಾಯಾಲಯದಲ್ಲಿದೆ.

ಆಂಬ್ಯುಲೆನ್ಸಿನ ಹಿಂದೆ ಏನು ಮಾತಾಯಿತು ಎಂದು ಆಮೇಲೆ ಶಾಸಕರನ್ನೇ ಕೇಳಿದೆ. “ಅದನ್ನ ಬಿಡ್ರೀ. ಮಣ್ಣಿಗೆ ಬಂದಿದ್ನೋ ಇಲ್ಲೋ, ಅಷ್ಟ ಬರೀರಿ,” ಎಂದರು. ಬಂದಿದ್ದರು. ಅಷ್ಟನ್ನು ಬರೆದೆ.

ಮುಂದಿನ ಚುನಾವಣೆಗೆ ನಾಗಸಂದ್ರದಲ್ಲಿ ಬಸ್ಸುಗಳು ಎಂದಿನಂತೆ ಸಾಲಾಗಿ ನಿಂತವು. ಬಾಗಿಲಲ್ಲಿ ನಿಂತು ಜನರನ್ನು ಹತ್ತಿಸುತ್ತಿದ್ದವನು ಅದೇ ಕಾಂಟ್ರ್ಯಾಕ್ಟರ್. ಸತ್ತವನ ಹೆಂಡತಿಯನ್ನು ಹುಡುಕಿದೆ, ಕಾಣಲಿಲ್ಲ. ಆಕೆ ತನ್ನ ಟಿಕೆಟ್ ತಾನೇ ತೆಗೆದುಕೊಂಡು ಹಿಂದಿನ ದಿನವೇ ರೈಲಿನಲ್ಲಿ ಹೋದಳು ಎಂದು ಅವಳ ಊರಿನವನೊಬ್ಬ ಕಿಟಕಿಯಿಂದ ಬಗ್ಗಿ ಹೇಳಿದ.