ಗೊಗ್ಗರು ದನಿಯ ಮನೆತನ

ಗೊಗ್ಗರು ಎಂಬ ಮಾತು ಮೊದಲ ಸಲ ನನ್ನ ಮೇಲೆ ಬಿದ್ದದ್ದು ಬೈಲಹೊಂಗಲದ ಶಾಲೆಯಲ್ಲಿ, ಬೆಳಗಿನ ಪ್ರಾರ್ಥನೆಯ ಹೊತ್ತಿಗೆ. ಆಗ ನಾನು ನಾಲ್ಕನೆಯ ಇಯತ್ತೆ. ಕಣ್ಣು ಮುಚ್ಚಿ, ಕೈ ಮುಗಿದು, ಪ್ರಾಣ ಹೋಗುವ ಹಾಗೆ ಹಾಡುತ್ತಿದ್ದೆ. ಅಕ್ಕೋರು, ಎಂದರೆ ನಮ್ಮ ಶಿಕ್ಷಕಿ, ಹಾಡಿನ ನಡುವೆಯೇ ಸಾಲಿನ ಉದ್ದಕ್ಕೂ ಕಿವಿಗೊಟ್ಟುಕೊಂಡು ಬಂದರು. ನನ್ನ ಮುಂದೆ ನಿಂತರು.

"ಇಲ್ಲೈತಿ ನೋಡ ಗೊಗ್ಗರ ದನಿ," ಎಂದರು. ಬೈಯಲಿಲ್ಲ, ಕೆನ್ನೆ ಸವರಿದರು. "ನೀ ಹಾಡಬ್ಯಾಡವಾ. ಬರೇ ಬಾಯಿ ಆಡಸು. ಹಾಡಿದಂಗ ಕಾಣಿಸ್ತೈತಿ."

ಮುಂದೆ ಮೂರು ವರ್ಷ ನಾನು ಬಾಯಿ ಆಡಿಸಿದೆ. ಆ ಕೆಲಸದಲ್ಲಿ ಎಷ್ಟು ಪಳಗಿದೆ ಎಂದರೆ, ಒಮ್ಮೆ ಸ್ವಾತಂತ್ರ್ಯ ದಿನಾಚರಣೆಗೆ ಬಂದ ಅತಿಥಿಯೊಬ್ಬರು ನನ್ನ ಕಡೆಗೇ ಬೆರಳು ತೋರಿಸಿ, ಈ ಹುಡುಗಿ ಎಷ್ಟು ಮನಸ್ಸಿಟ್ಟು ಹಾಡಿದಳು ಎಂದು ಹೊಗಳಿದರು. ಅಕ್ಕೋರು ಸೆರಗಿನಲ್ಲಿ ನಕ್ಕದ್ದು ನನಗೆ ಕಂಡಿತು. ಅವರ ಮೇಲಿನ ಸಿಟ್ಟು ಇವತ್ತಿಗೂ ಪೂರ್ತಿ ಇಳಿದಿಲ್ಲ.

ಆಗಿನಿಂದ ಈ ಮಾತನ್ನು ಯಾರು, ಯಾವಾಗ, ಯಾವುದಕ್ಕೆ ಬಳಸುತ್ತಾರೆ ಎಂದು ಕೇಳಿಸಿಕೊಳ್ಳುವುದೇ ನನ್ನ ಚಟವಾಯಿತು. ಮಾರುಕಟ್ಟೆಯಲ್ಲಿ ಹತ್ತಿಯ ಹರಾಜಿನ ಸವಾಲು ಕೂಗುವವನ ಗಂಟಲು ಮಧ್ಯಾಹ್ನದ ಹೊತ್ತಿಗೆ ಗೊಗ್ಗರಾಗುತ್ತಿತ್ತು. ದುಡಿದ ಗಂಟಲು ಅಂತ ಯಾರಾದರೂ ಅವನಿಗೆ ಚಹಾ ತರಿಸುತ್ತಿದ್ದರು. ಓಣಿಯ ಹೋರಿ ಗೊಗ್ಗರು ದನಿ ತೆಗೆದರೆ ಅದರ ಮಾಲೀಕ ಮೀಸೆಯ ಮೇಲೆ ಕೈ ಆಡಿಸುತ್ತಿದ್ದ. ಹದಿನಾಲ್ಕರ ಹುಡುಗನ ದನಿ ಗೊಗ್ಗರಾದರೆ ಮನೆಯವರು ಒಳಗೊಳಗೇ ಹಿಗ್ಗುತ್ತಿದ್ದರು. ನೆಗಡಿಯಾದವರ ಗಂಟಲಿಗೆ ಮೆಣಸಿನ ಕಷಾಯವಿತ್ತು. ಹೆಣ್ಣು ಹುಡುಗಿಯ ದನಿ ಹುಟ್ಟಾ ಗೊಗ್ಗರಾಗಿದ್ದರೆ ಮಾತ್ರ ಅದಕ್ಕೆ ಚಹಾವೂ ಇಲ್ಲ, ಕಷಾಯವೂ ಇಲ್ಲ, "ಪಾಪ" ಎನ್ನುವ ಒಂದು ಮಾತು ಇತ್ತು.

ಇನ್ನೊಂದು ಹೇಳಬೇಕು. ಗೊಗ್ಗರನ್ನೂ ಒಡಕನ್ನೂ ಒಂದೇ ಎಂದು ತಿಳಿಯುವವರಿದ್ದಾರೆ. ಅಲ್ಲ. ಒಡಕು ದನಿಯಲ್ಲಿ ಬಿರುಕು ಇರುತ್ತದೆ, ಮಾತು ಅಲ್ಲಿ ಕಾಲು ಸಿಕ್ಕಿಸಿಕೊಂಡು ಮುಗ್ಗರಿಸುತ್ತದೆ. ಕೀರಲು ದನಿಯಂತೂ ಬೇರೆಯೇ, ಅದು ಸೂಜಿ. ಗೊಗ್ಗರಿನಲ್ಲಿ ಇರುವುದು ಉಸುಕು. ನದಿಯ ದಂಡೆಯ ಹಸಿ ಉಸುಕಿನ ಮೇಲೆ ತಾಮ್ರದ ಕೊಡ ಎಳೆದರೆ ಬರುವ ಸಪ್ಪಳ ಅದು. ಇಷ್ಟನ್ನು ನನಗೆ ತಿಳಿಸಿದ್ದು ನನ್ನ ಸೋದರತ್ತೆ, ಅಪ್ಪನ ಅಕ್ಕ. ಹೇಳಿಕೊಟ್ಟು ತಿಳಿಸಲಿಲ್ಲ, ಸುಮ್ಮನೆ ಮಾತಾಡಿ ತಿಳಿಸಿದಳು. ಅವಳ ದನಿ ನನ್ನದಕ್ಕಿಂತ ಗೊಗ್ಗರು.

ಅವಳನ್ನು ಕೊಟ್ಟದ್ದು ಮುನವಳ್ಳಿಗೆ. ಬೇಸಿಗೆ ರಜೆಯೆಲ್ಲ ನಾನು ಅಲ್ಲೇ. ಆ ಮನೆಯ ಮಧ್ಯಾಹ್ನಗಳು ಈಗ ನೆನಪಿಗೆ ಬಂದರೆ ಅವು ನಡೆದದ್ದೋ ನಾನು ನಿದ್ದೆಯಲ್ಲಿ ಕಂಡದ್ದೋ ಎಂದು ಗೊತ್ತಾಗುವುದಿಲ್ಲ. ಹಿಂದಿನ ಬಾಗಿಲು ತೆರೆದರೆ ಹಿತ್ತಲಿನಾಚೆ ಮಲಪ್ರಭೆಯ ಹಿನ್ನೀರು ಬೆಳ್ಳಗೆ ಹೊಳೆಯುತ್ತಿತ್ತು. ಅಲ್ಲಿಂದ ಬರುವ ಗಾಳಿಗೆ ಕೆಸರಿನ, ಒಣಹುಲ್ಲಿನ ವಾಸನೆ. ಅತ್ತೆ ಬಾಗಿಲಿಗೆ ಮುಖ ಮಾಡಿ ಕುಳಿತು ಹಳೆಯ ಸೀರೆಗಳ ತುಂಡು ಜೋಡಿಸಿ ಕೌದಿ ಹೊಲಿಯುತ್ತಿದ್ದಳು. ನಾನು ಅವಳ ಹಿಂದೆ ಮಲಗಿ, ಬೆನ್ನಿಗೆ ಕಿವಿ ಹಚ್ಚುತ್ತಿದ್ದೆ.

ಅವಳು ಯಾರ ಜೊತೆ ಮಾತಾಡುತ್ತಿದ್ದಳೋ, ಬಾಗಿಲಲ್ಲಿ ನಿಂತ ನೆರೆಯವಳ ಜೊತೆಗೋ, ಕೊಟ್ಟಿಗೆಯ ಎಮ್ಮೆಯ ಜೊತೆಗೋ. ಬೆನ್ನಿನೊಳಗಿಂದ ಕೇಳಿದರೆ ಮಾತು ಹೋಗಿ ದನಿಯಷ್ಟೇ ಉಳಿಯುತ್ತಿತ್ತು. ಹೊರಗೆ ಗೊಗ್ಗರಾಗಿದ್ದದ್ದು ಒಳಗೆ ಗುಂಯ್‌ಗುಡುತ್ತಿತ್ತು. ನೀರಿನ ಬೆಳಕು ಮಾಳಿಗೆಯ ಜಂತಿಯ ಮೇಲೆ ಅಲುಗುತ್ತಿತ್ತು, ಸೂಜಿ ಕೌದಿಯಲ್ಲಿ ಮುಳುಗಿ ಏಳುತ್ತಿತ್ತು, ಆ ದನಿ ನನ್ನ ಕೆನ್ನೆಯ ಮೂಳೆಯಲ್ಲಿ ನಡುಗುತ್ತಿತ್ತು. ನನ್ನ ಬದುಕಿನ ಸುಖದ ನಿದ್ದೆಗಳೆಲ್ಲ ಅಲ್ಲೇ ಆಗಿಹೋದವು. ಈಗಿನ ಸ್ಪಂಜಿನ ಗಾದಿಯ ಮೇಲೆ ಅಂಥದು ಬರುವುದಿಲ್ಲ.

ಇಷ್ಟು ಪ್ರೀತಿಯ ಅತ್ತೆಯನ್ನೇ ಒಂದು ದಿನ ನಾನು ತರಾಟೆಗೆ ತೆಗೆದುಕೊಂಡೆ. ಅದಕ್ಕೆ ಕಾರಣ ಅವ್ವ. ನನ್ನ ದನಿಯ ಮಾತು ಬಂದಾಗಲೆಲ್ಲ ಅವಳದು ಒಂದೇ ಉತ್ತರ: "ಅತ್ತಿ ಹೇಳಿದ ಹೆಸರು, ಅತ್ತಿ ದನಿ." ನಮ್ಮ ಕಡೆ ಕೂಸಿಗೆ ಹೆಸರಿಡುವವಳು ಸೋದರತ್ತೆ. ತೊಟ್ಟಿಲ ಮೇಲೆ ಬಾಗಿ, ಕೂಸಿನ ತಲೆ ಮುಚ್ಚಿದ ಕುಂಚಿಗೆ ಸರಿಸಿ, ಅದರ ಕಿವಿಯಲ್ಲಿ "ಕುರ್‍ರ್" ಎಂದು ಹೆಸರು ಹೇಳಬೇಕು. ಆ "ಕುರ್‍ರ್" ಕೇಳಿದ್ದೇ ತಡ, ಹಿಂದೆ ಕಾದು ನಿಂತ ಹೆಂಗಸರು ಅವಳ ಬೆನ್ನಿಗೆ ಗುದ್ದುತ್ತಾರೆ. ಯಾಕೆ ಗುದ್ದುತ್ತಾರೆ ಎಂದು ಕೇಳಿದರೆ ಒಬ್ಬೊಬ್ಬರದು ಒಂದೊಂದು ಉತ್ತರ. ನಾದಿನಿಯ ಬೆನ್ನು ಬೇರೆ ದಿನ ಕೈಗೆ ಸಿಗುವುದಿಲ್ಲ, ಅದಕ್ಕೇ ಇರಬೇಕು ಎಂದು ನನ್ನ ಅನುಮಾನ. ನಮ್ಮ ಮನೆಯಲ್ಲಿ ಇದರ ಜೊತೆಗೆ ಒಂದು ನಂಬಿಕೆಯೂ ಇತ್ತು: ಮೊದಲ ಸಲ ಯಾವ ದನಿ ಹೆಸರು ಹೊತ್ತು ಕಿವಿಯೊಳಗೆ ಹೋಗುತ್ತದೋ, ಕೂಸಿಗೆ ಅದೇ ದನಿ ಬರುತ್ತದೆ.

ನನಗೆ ಹನ್ನೊಂದು ತುಂಬಿದ ಬೇಸಿಗೆಯಲ್ಲಿ ನಾನು ಅತ್ತೆಯ ಬೆನ್ನ ಹಿಂದೆ ಮಲಗಿಯೇ ಕೇಳಿದೆ, "ನಿನ್ನ ದನಿ ನನ್ನ ಕಿವಿಯಾಗ ಯಾಕ ಹಾಕಿದಿ? ಬ್ಯಾರೆ ಯಾರೂ ಇರಲಿಲ್ಲೇನ?"

ಅವಳು ನಕ್ಕಳು. "ಹೆಸರಷ್ಟ ಕೊಡಬೇಕಂತ ಮಾಡಿದ್ದೆ ಮಗಳ. ದನಿ ತಾನ ಜೋಡಿ ಹೊಂಟ ಬಂತು." ಆಮೇಲೆ ಸೂಜಿ ಕೌದಿಯ ಒಂದು ಅಂಚಿನಿಂದ ಇನ್ನೊಂದು ಅಂಚಿಗೆ ಓಡಿತು. ಕೊನೆಗೆ ನೀರಿನ ಕಡೆ ನೋಡುತ್ತಲೇ ಕೇಳಿದಳು, "ಬ್ಯಾಡಾಗಿತ್ತೇನ ನಿನಗ?"

ನಾನು ನಿದ್ದೆ ಬಂದವಳ ಹಾಗೆ ಸುಮ್ಮನಿದ್ದೆ. ಸ್ವಲ್ಪ ಹೊತ್ತಿಗೆ ನಿಜವಾಗಿ ನಿದ್ದೆ ಬಂತು.

ವರ್ಷಗಳು ಹೋದವು. ನಾನೇ ಅಕ್ಕೋರಾದೆ. ಕಿತ್ತೂರಿನ ಹತ್ತಿರದ ಒಂದು ಹಳ್ಳಿಯ ಶಾಲೆಯಲ್ಲಿ ಪಾಠ ಹೇಳುತ್ತೇನೆ. ಅಲ್ಲಿ ಪ್ರಾರ್ಥನೆಯಲ್ಲಿ ಎಲ್ಲರೂ ಬಾಯಿ ತುಂಬ ಹಾಡಲೇಬೇಕು ಎಂಬುದು ನನ್ನ ಕಾನೂನು. ಕೇಳುವುದಕ್ಕೆ ಸಂತೆಯ ಹಾಗಿರುತ್ತದೆ, ಹೆಡ್‌ಮಾಸ್ತರರು ಹುಬ್ಬು ಗಂಟಿಕ್ಕುತ್ತಾರೆ, ನಾನು ಲಕ್ಷ್ಯ ಕೊಡುವುದಿಲ್ಲ. ಶಾಲೆಯಲ್ಲಿ ಇಷ್ಟು ಧೈರ್ಯವಿದ್ದವಳು ಮನೆಯ ತೊಟ್ಟಿಲ ಮುಂದೆ ಹೇಡಿಯಾದೆ.

ತಮ್ಮನಿಗೆ ಹೆಣ್ಣು ಕೂಸು ಹುಟ್ಟಿತು. ಹೆಸರಿಡುವ ಕಾರ್ಯ ಅವನ ಹೆಂಡತಿಯ ತವರು ರಾಮದುರ್ಗದಲ್ಲಿ. ನೇಕಾರರ ಓಣಿ. ಕಾರ್ಯದ ಮನೆಯಲ್ಲಿ ಮಗ್ಗ ನಿಲ್ಲಿಸಿದ್ದರು, ಅಕ್ಕಪಕ್ಕದವರದು ಓಡುತ್ತಲೇ ಇತ್ತು. ಆ ಖಟಪಟದಲ್ಲಿ ದನಿ ಎತ್ತರಿಸದೆ ಒಬ್ಬರ ಮಾತು ಒಬ್ಬರಿಗೆ ಕೇಳುತ್ತಿರಲಿಲ್ಲ. ಅತ್ತೆಯೂ ಮುನವಳ್ಳಿಯಿಂದ ಬಂದಿದ್ದಳು. ಹಲ್ಲು ಹೋಗಿದ್ದವು, ದನಿ ಹೋಗಿರಲಿಲ್ಲ. ನನ್ನ ಬೆನ್ನ ಹಿಂದೆ ಎಲ್ಲರಿಗಿಂತ ಮುಂದೆ ಬಂದು ನಿಂತಳು.

ನಾನು ಬಾಗುವ ಮುಂಚೆ ಬೀಗರ ಮನೆಯ ಮುದುಕಿಯೊಬ್ಬಳು ಚಾಷ್ಟಿ ಮಾಡಿದಳು, "ಸಣ್ಣಗ ಹೇಳ್ರಿ ಅಕ್ಕೋರ. ಕೂಸು ನಿಮ್ಮ ದನಿ ಕದ್ದೀತು." ಎಲ್ಲರೂ ನಕ್ಕರು, ನಾನೂ ನಕ್ಕೆ. ಕುಂಚಿಗೆ ಸರಿಸಿದೆ. ಆ ಕಿವಿ ಎಷ್ಟು ಸಣ್ಣದಿತ್ತು ಎಂದರೆ ಅದರೊಳಗೆ ಏನನ್ನಾದರೂ ಹಾಕಲು ಯಾರಿಗಾದರೂ ಭಯವಾಗುತ್ತಿತ್ತು. ನನಗೆ ಪ್ರಾರ್ಥನೆಯ ಸಾಲು ನೆನಪಾಯಿತು, "ಪಾಪ" ಎಂಬ ಮಾತು ನೆನಪಾಯಿತು. ಈ ಕೂಸಿಗೆ ಅದು ಬೇಡ ಎನಿಸಿತು. ಬಾಯಿ ಕಿವಿಗೆ ಹಚ್ಚಿದೆ. ಬರೇ ಬಾಯಿ ಆಡಿಸಿದೆ.

ನನ್ನ ಕುತ್ತಿಗೆ ಅಲುಗಿದ್ದು ನೋಡಿಯೇ ಹೆಂಗಸರು ಗುದ್ದಿದರು. ಹಸಿರು ಬಳೆ, ನಗು, ಗದ್ದಲ. ನಾನು ಎದ್ದು ನಿಂತು ಹೆಸರನ್ನು ಎಲ್ಲರಿಗೂ ಕೂಗಿ ಹೇಳಿದೆ, ಎಲ್ಲರ ಜೊತೆಗೆ ಕೂಸೂ ಕೇಳಿತು. ಯಾರಿಗೂ ಏನೂ ತಿಳಿಯಲಿಲ್ಲ ಎಂದುಕೊಂಡೆ.

ಸಂಜೆಯ ಬಸ್ಸಿನಲ್ಲಿ ಯರಗಟ್ಟಿಯವರೆಗೆ ನಾನೂ ಅತ್ತೆಯೂ ಜೊತೆಗೆ ಬಂದೆವು. ಅವಳು ಕಿಟಕಿಯಾಚೆಗಿನ ಕಬ್ಬು ನೋಡುತ್ತ ಹೇಳಿದಳು, "ನೀ ಕುರ್‍ರ್ ಅಂದದ್ದು ನನಗ ಕೇಳಲಿಲ್ಲಲ್ಲವಾ."

"ಮಗ್ಗದ ಸಪ್ಪಳದಾಗ ಹ್ಯಾಂಗ ಕೇಳತೈತಿ ಅತ್ತಿ?"

"ಹೌದ ಬಿಡು," ಎಂದಳು. ಆಮೇಲೆ ನನ್ನ ಕಡೆ ತಿರುಗಿ, "ನಾ ಗುದ್ದಲಿಲ್ಲ ನಿನಗ. ಕೇಳಲಿ ಅಂತ ಕೈ ಎತ್ತಕೊಂಡ ನಿಂತಿದ್ದೆ. ಹಂಗ ಉಳೀತು ನೋಡ."

ಯರಗಟ್ಟಿಯಲ್ಲಿ ಇಳಿದು ಮುನವಳ್ಳಿಯ ಬಸ್ಸಿಗೆ ನಡೆದಳು. ಅವಳಿಗೆ ತಿಳಿದಿತ್ತು. ನಾನು ಏನು ಮಾಡಿದೆ, ಯಾಕೆ ಮಾಡಿದೆ, ಎರಡೂ ತಿಳಿದಿದ್ದವು. ಮುನವಳ್ಳಿಯ ಆ ಮಧ್ಯಾಹ್ನ ಅವಳು ಕೇಳಿದ್ದಕ್ಕೆ ನಾನು ಇಪ್ಪತ್ತು ವರ್ಷ ಬಿಟ್ಟು ಕೊಟ್ಟ ಉತ್ತರ ಅದು. ಒಂದು ದಿನ ಹೋಗಿ, ತಪ್ಪಾಯಿತು ಎಂದು ಹೇಳಿಬರಬೇಕು ಅಂದುಕೊಳ್ಳುತ್ತಲೇ ಇದ್ದೆ. ಮರುವರ್ಷದ ಸಂಕ್ರಾಂತಿಗೆ ಮುಂಚೆಯೇ ಅವಳು ತೀರಿಹೋದಳು. ಅವಳ ಕೊನೆಯ ಕೌದಿ ನನ್ನ ಪಾಲಿಗೆ ಬಂತು.

ಕೂಸು ಮಾತು ಕಲಿಯಿತು. ಮೂರು ವರ್ಷಕ್ಕೆ ಅದರ ದನಿಯಲ್ಲಿ ಉಸುಕು ಕೇಳತೊಡಗಿತು. ಐದಕ್ಕೆ ಯಾರಿಗೂ ಸಂಶಯ ಉಳಿಯಲಿಲ್ಲ. ತಮ್ಮ ಬೆಳಗಾವಿಯಲ್ಲಿ ಗಂಟಲಿನ ಡಾಕ್ಟರಿಗೆ ತೋರಿಸಿದ. ಅವರು ಬಾಯೊಳಗೆ ದೀಪ ಬಿಟ್ಟು ನೋಡಿ, "ಏನೂ ಆಗಿಲ್ಲರಿ, ದನೀನ ಹಂಗೈತಿ," ಎಂದು ಕಳಿಸಿದರು. ಮನೆಯಲ್ಲಿ ಎಲ್ಲರೂ ನನ್ನ ಕಡೆ ನೋಡಿ ನಕ್ಕರು. ನಾನು ಕೊಡದ ದನಿಗೆ ನನ್ನ ಹೆಸರು ಬಂತು. ನಾನು ಯಾರಿಗೂ ಬಾಯಿ ಬಿಡಲಿಲ್ಲ.

ಹೋದ ಬೇಸಿಗೆ ರಜೆಗೆ ತಮ್ಮನ ಮಗಳು ಕಿತ್ತೂರಿಗೆ ನನ್ನ ಮನೆಗೆ ಬಂದಿದ್ದಳು. ಈಗ ಅವಳಿಗೆ ಒಂಬತ್ತು. ಮಧ್ಯಾಹ್ನ ಕರೆಂಟು ಹೋಗಿತ್ತು. ಅತ್ತೆಯ ಕೌದಿ ನೆಲಕ್ಕೆ ಹಾಸಿ ಇಬ್ಬರೂ ಮಲಗಿದ್ದೆವು. ಕೋಟೆಯ ಕಡೆಯ ಬೇವಿನ ಮರಗಳಲ್ಲಿ ಬೆಳವನ ಹಕ್ಕಿಗಳು ಒಂದೇ ಸಮನೆ ಗುಟುರು ಹಾಕುತ್ತಿದ್ದವು. ನಿದ್ದೆಗೂ ಎಚ್ಚರಕ್ಕೂ ನಡುವೆ ಎಲ್ಲೋ ಇದ್ದೆ, ಮುನವಳ್ಳಿಯ ನೀರಿನ ಬೆಳಕು ಮಾಳಿಗೆಯ ಮೇಲೆ ಅಲುಗುತ್ತಿದೆ ಎನಿಸುತ್ತಿತ್ತು. ಆಗ ಬೆನ್ನ ಹಿಂದಿನಿಂದ ಆ ದನಿ ಬಂತು. ಕ್ಷಣಕಾಲ ಅತ್ತೆಯೇ ಮಾತಾಡಿದಳು ಎಂದುಕೊಂಡೆ.

"ಅತ್ತಿ, ನನಗ ಈ ದನಿ ನೀನ ಕೊಟ್ಟಿ ಅಂತ. ಖರೇ ಏನ?"

ಸುಮ್ಮನಿದ್ದು ನಿದ್ದೆ ಬಂದವಳ ಹಾಗೆ ಮಾಡಬಹುದಿತ್ತು. ಒಮ್ಮೆ ಮಾಡಿದ್ದು ಸಾಕಾಗಿತ್ತು. ಎದ್ದು ಕುಳಿತೆ. "ಇಲ್ಲ," ಎಂದೆ. "ನಾ ನಿನ್ನ ಕಿವಿಯಾಗ ಏನೂ ಹೇಳಲೇ ಇಲ್ಲ. ಬರೇ ಬಾಯಿ ಆಡಿಸಿದೆ. ನನ್ನಂಥ ದನಿ ನಿನಗ ಬರಬಾರದು ಅಂತ."

ಅವಳು ನನ್ನನ್ನು ನೋಡಿದ ರೀತಿ, ಅವಳ ಪಾಟಿಚೀಲದಿಂದ ನಾನು ಏನೋ ಕದ್ದುಕೊಂಡ ಹಾಗೆ ಇತ್ತು. "ಹಂಗಾದರ ನನ್ನ ಹೆಸರ ನನ್ನ ಕಿವಿಯಾಗ ಯಾರೂ ಹೇಳಿಲ್ಲ?"

"ಇಲ್ಲ."

"ಈಗ ಹೇಳು," ಎಂದಳು.

"ಈ ದನಿ ಬ್ಯಾಡಾಗಿತ್ತೇನ ನಿನಗ?" ಎಂದು ಕೇಳಿದೆ. ಕೇಳಿದ ಮೇಲೆ ಅದು ಯಾರ ಮಾತು ಎಂದು ನೆನಪಾಯಿತು.

"ಯಾಕ ಬ್ಯಾಡ? ನಂದ ಅದು. ಹೇಳ ಬೇಗ." ಕೂದಲು ಸರಿಸಿ ಕಿವಿಯನ್ನು ನನ್ನ ಬಾಯಿಯ ಹತ್ತಿರ ತಂದಳು. ಕಿವಿಯೋಲೆಯ ಸುತ್ತ ಬೆವರು ಇತ್ತು.

ನಾನು ಪೂರ್ತಿ ದನಿ ತೆಗೆದೆ. ಪ್ರಾರ್ಥನೆಯ ಸಾಲಿನಲ್ಲಿ ಅಂದು ಹಾಡಿದ ಹಾಗೆ, ಉಸುಕು, ನೀರು, ಎಲ್ಲ ಕೂಡಿ. "ಕುರ್‍ರ್‍ರ್" ಎಂದೆ, ಅವಳ ಹೆಸರು ಹೇಳಿದೆ. ಆ ಹೆಸರನ್ನು ಇಲ್ಲಿ ಬರೆಯುವುದಿಲ್ಲ, ಅದು ಅವಳ ಕಿವಿಯಲ್ಲಿ ಹೇಳಿದ್ದು. ಅವಳು ಕಚಗುಳಿಯಾಗಿ ಕೌದಿಯ ಮೇಲೆ ಹೊರಳಾಡಿ ನಕ್ಕಳು. ಆಮೇಲೆ ಏನೋ ನೆನಪಾಗಿ ಎದ್ದಳು, ನನ್ನ ಹಿಂದೆ ಹೋಗಿ ಬೆನ್ನಿಗೆ ಒಂದು ಗುದ್ದು ಹಾಕಿದಳು.

"ಇನ್ನೊಂದ ಹೊಡಿ," ಎಂದೆ.

"ಯಾಕ?"

"ನಮ್ಮ ಅತ್ತಿದು ಒಂದ ಉಳದೈತಿ."

"ಜೋರ ಹೊಡೀಲೆ?"

"ಜೋರ ಹೊಡಿ," ಎಂದು ಬೆನ್ನು ಬಗ್ಗಿಸಿದೆ.